ಹಳಗನ್ನಡ ಪುಸ್ತಕಗಳ ಕೊನೆಯ ಪುಟಗಳನ್ನು ಮತ್ತೆ ಸೇರಿಸಿ: ಒಂದು ಬಹಿರಂಗ ಪತ್ರ

ಹಳಗನ್ನಡ ಕಾವ್ಯಗಳನ್ನೂ ಕನ್ನಡ ನಿಘಂಟುಗಳನ್ನೂ ಪ್ರಕಟಿಸುವ ಎಲ್ಲ ಸಂಸ್ಥೆಗಳ ಮುಖ್ಯಸ್ಥರಿಗೆ ಮತ್ತು ಸಂಪಾದಕ ಮಂಡಳಿಯ ಹಿರಿಯರಿಗೆ,

ಮಾನ್ಯರೇ,

ನಮಸ್ಕಾರ. ನಾನು ವಿದ್ವಾಂಸಳಲ್ಲ. ಕನ್ನಡ ಎಂ.ಎ. ಓದಿದವಳೂ ಅಲ್ಲ. ದಿನವಿಡೀ ಲೆಕ್ಕಪತ್ರ ನೋಡುವ ಕೆಲಸ ನನ್ನದು. ಸಂಜೆ ಹೊತ್ತು ಹಳಗನ್ನಡ ಓದುವುದು ಇಷ್ಟ, ಅಷ್ಟೆ. ನನ್ನಂಥವರು ಇನ್ನೂ ಆರು ಜನ ಸೇರಿ ಎರಡು ವರ್ಷದಿಂದ ಪ್ರತಿ ಭಾನುವಾರ ಒಂದು ಕಾವ್ಯವನ್ನು ಕೂತು ಓದುತ್ತಿದ್ದೇವೆ. ನಮ್ಮಲ್ಲಿ ಒಬ್ಬರು ನಿವೃತ್ತ ಗಣಿತ ಮೇಷ್ಟ್ರು, ಒಬ್ಬರು ನರ್ಸ್, ಒಬ್ಬ ಹುಡುಗ ಇನ್ನೂ ಕಾಲೇಜಿನಲ್ಲಿದ್ದಾನೆ. ಕಲಿಸುವವರು ಯಾರೂ ಇಲ್ಲ. ಪುಸ್ತಕವೇ ನಮಗೆ ಮೇಷ್ಟ್ರು. ಆ ಪುಸ್ತಕದ ಬಗ್ಗೆಯೇ ನಿಮ್ಮಲ್ಲಿ ಒಂದು ದೂರು, ಕೆಲವು ಕೋರಿಕೆ ಇದೆ.

ನಡೆದದ್ದು ಇಷ್ಟು. ನಾವು ಓದುತ್ತಿರುವುದು ಹತ್ತನೇ ಶತಮಾನದ ಒಂದು ಕಾವ್ಯ. ಒಬ್ಬರ ಹತ್ತಿರ ಅವರ ತಂದೆಯ ಕಾಲದ ಹಳೆಯ ಮುದ್ರಣ ಇತ್ತು. ಉಳಿದವರು ಅದೇ ಪುಸ್ತಕದ ಹೊಸ ಮರುಮುದ್ರಣ ಕೊಂಡೆವು. ಹೊಸದು ನೋಡಲು ಚೆನ್ನಾಗಿದೆ. ಒಳ್ಳೆಯ ಕಾಗದ, ಬಣ್ಣದ ಹೊದಿಕೆ. ಮೊದಲ ಭಾನುವಾರ ಮೂರನೇ ಪದ್ಯಕ್ಕೇ ಒಂದು ಪದ ಗೊತ್ತಾಗಲಿಲ್ಲ. ಸಂಪಾದಕರ ಮುನ್ನುಡಿಯಲ್ಲಿ ‘ಕಠಿಣ ಪದಗಳ ಅರ್ಥಕ್ಕೆ ಕೊನೆಯಲ್ಲಿರುವ ಶಬ್ದಕೋಶವನ್ನು ನೋಡಬಹುದು’ ಅಂತ ಇತ್ತು. ತಿರುವಿ ನೋಡಿದೆವು. ಕೊನೆಯಲ್ಲಿ ಶಬ್ದಕೋಶ ಇರಲಿಲ್ಲ. ಕಾವ್ಯದ ಕೊನೆಯ ಪದ್ಯ ಮುಗಿದ ಮೇಲೆ ಒಂದು ಖಾಲಿ ಹಾಳೆ, ಆಮೇಲೆ ರಟ್ಟು. ಹಳೆಯ ಪ್ರತಿ ತೆಗೆದು ನೋಡಿದರೆ ಅದರಲ್ಲಿ ಶಬ್ದಕೋಶ ನಲವತ್ತು ಪುಟ ಇತ್ತು. ಪದ್ಯಗಳ ಅಕಾರಾದಿ, ಅಂದರೆ ಅಕ್ಷರಕ್ರಮದ ಪಟ್ಟಿ, ಇತ್ತು. ಒಪ್ಪೋಲೆ, ಅಂದರೆ ಅಚ್ಚಿನ ತಪ್ಪುಗಳ ತಿದ್ದುಪಡಿ ಪಟ್ಟಿ, ಇತ್ತು. ಮರುಮುದ್ರಣದಲ್ಲಿ ಮೂರನ್ನೂ ತೆಗೆದಿದ್ದರು. ಮುನ್ನುಡಿಯ ಆ ವಾಕ್ಯ ಮಾತ್ರ ಹಾಗೇ ಉಳಿದಿತ್ತು.

ಅವತ್ತಿನಿಂದ ಇವತ್ತಿನವರೆಗೆ ಆ ಒಂದು ಹಳೆಯ ಪುಸ್ತಕ ಏಳು ಜನರ ಕೈಯಲ್ಲಿ ಓಡಾಡುತ್ತಿದೆ. ಅದರ ಬೆನ್ನು ಬಿಟ್ಟುಹೋಗಿದೆ. ಪುಟ ಮುಟ್ಟಿದರೆ ಅಂಚು ಪುಡಿಯಾಗುತ್ತದೆ. ಆದರೂ ಪ್ರತಿ ವಾರ ಅದನ್ನೇ ತೆರೆಯುತ್ತೇವೆ. ಬೇರೆ ದಾರಿ ಇಲ್ಲ.

ಯಾವ ಕಾವ್ಯ, ಯಾವ ಪ್ರಕಾಶನ ಅಂತ ನಾನು ಇಲ್ಲಿ ಹೇಳುವುದಿಲ್ಲ. ಒಬ್ಬರ ಮೇಲೆ ದೂರು ಹೇಳುವುದು ನನ್ನ ಉದ್ದೇಶ ಅಲ್ಲ. ಆಮೇಲೆ ಬೇರೆ ಬೇರೆ ಕಡೆಯಿಂದ ಬಂದ ಇನ್ನಷ್ಟು ಮರುಮುದ್ರಣಗಳನ್ನು ಗ್ರಂಥಾಲಯದಲ್ಲಿ ತೆಗೆದು ನೋಡಿದೆ. ಕೆಲವರು ಎಲ್ಲವನ್ನೂ ಕಾಪಾಡಿಕೊಂಡಿದ್ದಾರೆ. ಅವರಿಗೆ ನನ್ನ ಕೃತಜ್ಞತೆ. ಇನ್ನು ಕೆಲವರು ಶಬ್ದಕೋಶ ಬಿಟ್ಟಿದ್ದಾರೆ, ಅಥವಾ ಪಾಠಾಂತರದ (ಬೇರೆ ಬೇರೆ ಓಲೆಗರಿ ಪ್ರತಿಗಳಲ್ಲಿ ಪದ ಹೇಗೆ ಬೇರೆಯಾಗಿದೆ ಅನ್ನುವುದರ) ಅಡಿಟಿಪ್ಪಣಿ ತೆಗೆದಿದ್ದಾರೆ. ‘ಜನಪ್ರಿಯ ಆವೃತ್ತಿ’ ಅಂತ ಹೆಸರು ಕೊಟ್ಟಲ್ಲೇ ಇದು ಜಾಸ್ತಿ. ಯೋಚನೆ ಮಾಡಿ ನೋಡಿ. ಜನರಿಗಾಗಿ ಮಾಡಿದ ಪುಸ್ತಕದಿಂದ ಜನರಿಗೆ ಬೇಕಾದ ಪುಟಗಳೇ ಹೋಗಿವೆ. ಪಂಡಿತರಿಗೆ ಶಬ್ದಕೋಶ ಇಲ್ಲದಿದ್ದರೂ ನಡೆಯುತ್ತದೆ. ನಮಗೆ ನಡೆಯುವುದಿಲ್ಲ.

ಪದದ ಅರ್ಥ ಬೇಕಾದರೆ ದೊಡ್ಡ ನಿಘಂಟು ತೆಗೆದು ನೋಡಬಹುದಲ್ವಾ ಅಂತ ನೀವು ಕೇಳಬಹುದು. ಒಂದು ಉದಾಹರಣೆ ಕೊಡುತ್ತೇನೆ. ಪಂಪನ ಬನವಾಸಿ ಪದ್ಯ ಎಲ್ಲರಿಗೂ ಗೊತ್ತು. ‘ಚಾಗದ ಭೋಗದಕ್ಕರದ ಗೇಯದ ಗೊಟ್ಟಿಯಲಂಪಿನಿಂಪುಗಳ್ಗಾಗರಮಾದ’ ಅಂತ ಶುರುವಾಗುತ್ತದೆ. ಮೊದಲ ಸಲ ಓದುವವರು ಇದರಲ್ಲಿ ಯಾವ ಪದವನ್ನು ನಿಘಂಟಿನಲ್ಲಿ ಹುಡುಕಬೇಕು? ‘ಭೋಗದಕ್ಕರದ’ ಅನ್ನುವ ಪದ ಎಲ್ಲೂ ಇಲ್ಲ. ಅದು ಭೋಗದ, ಅಕ್ಕರದ ಅಂತ ಎರಡು. ಅಕ್ಕರ ಅಂದರೆ ಅಕ್ಷರ, ಇಲ್ಲಿ ವಿದ್ಯೆ ಅಂತ ಅರ್ಥ. ‘ಗೊಟ್ಟಿಯಲಂಪಿನಿಂಪುಗಳ್ಗಾಗರಮಾದ’ ಅನ್ನುವುದನ್ನು ಬಿಡಿಸಿದರೆ ಗೊಟ್ಟಿಯ, ಅಲಂಪಿನ, ಇಂಪುಗಳ್ಗೆ, ಆಗರಮ್, ಆದ ಅಂತ ಐದು ಪದ. ಗೊಟ್ಟಿ ಅಂದರೆ ಗೋಷ್ಠಿ. ಅಲಂಪು ಅಂದರೆ ಸಂತೋಷ. ಚಾಗ ಅಂದರೆ ತ್ಯಾಗ. ಇಷ್ಟು ಬಿಡಿಸಿ ಕೊಟ್ಟರೆ ಸಾಕು, ಸಾವಿರ ವರ್ಷದ ಹಿಂದಿನ ಮಾತು ಕಣ್ಣೆದುರಿಗೇ ಅರಳುತ್ತದೆ. ಬಿಡಿಸದಿದ್ದರೆ ಎಂಥ ದೊಡ್ಡ ನಿಘಂಟು ಪಕ್ಕದಲ್ಲಿದ್ದರೂ ಪ್ರಯೋಜನ ಇಲ್ಲ. ಯಾವ ಅಕ್ಷರದ ಕೆಳಗೆ ಹುಡುಕಬೇಕು ಅಂತಲೇ ಗೊತ್ತಾಗುವುದಿಲ್ಲ. ನಮ್ಮ ಕಾಲೇಜು ಹುಡುಗ ಪಾಪ, ‘ಯಲಂಪು’ ಅಂತ ಯಕಾರದಲ್ಲಿ ಅರ್ಧ ಗಂಟೆ ಹುಡುಕಿದ್ದ.

ಕಾವ್ಯದ ಕೊನೆಯಲ್ಲಿರುವ ಶಬ್ದಕೋಶ ಮಾಡುವ ಕೆಲಸ ಇದೇ. ಆ ಕಾವ್ಯದಲ್ಲಿ, ಆ ಪದ್ಯದಲ್ಲಿ, ಆ ಪದಕ್ಕೆ ಏನು ಅರ್ಥ ಅಂತ ಅದು ಹೇಳುತ್ತದೆ. ಪದ್ಯದ ಸಂಖ್ಯೆಯನ್ನೂ ಕೊಡುತ್ತದೆ. ದೊಡ್ಡ ನಿಘಂಟಿನಲ್ಲಿ ಒಂದು ಪದಕ್ಕೆ ಹತ್ತು ಅರ್ಥ ಇರುತ್ತದೆ. ಹತ್ತರಲ್ಲಿ ಇಲ್ಲಿಗೆ ಯಾವುದು ಅಂತ ಆರಿಸಿ ಕೊಟ್ಟವರು ಆ ಸಂಪಾದಕರು. ಓಲೆಗರಿ ಪ್ರತಿಗಳನ್ನು ಎದುರಿಗಿಟ್ಟುಕೊಂಡು ವರ್ಷಗಟ್ಟಲೆ ಕೂತು ಮಾಡಿದ ಕೆಲಸ ಅದು. ವಿದ್ವಾಂಸರಾದ ಡಿ.ಎಲ್. ನರಸಿಂಹಾಚಾರ್ ಅವರು ಪಂಪಭಾರತಕ್ಕೆ ‘ದೀಪಿಕೆ’ ಅನ್ನುವ ವಿವರಣೆ ಬರೆದು ಕೊಟ್ಟಿದ್ದರಿಂದ ಎಷ್ಟು ಜನ ಆ ಕಾವ್ಯದ ಒಳಗೆ ಹೋಗಲು ಸಾಧ್ಯವಾಯಿತು ಅನ್ನುವುದು ನಿಮಗೆ ನನಗಿಂತ ಚೆನ್ನಾಗಿ ಗೊತ್ತು. ಅಂಥ ಕೆಲಸವನ್ನು ಪುಟ ಉಳಿಸಲು ಕತ್ತರಿಸುವುದು ನೋವಿನ ಸಂಗತಿ.

ನಮ್ಮ ಹಿಂದಿನವರು ಹೀಗೆ ಮಾಡಿದವರಲ್ಲ. ಈ ವಿಷಯ ಓದುತ್ತಾ ಹೋದ ಹಾಗೆ ನನಗೆ ಆಶ್ಚರ್ಯ ಆಯಿತು. ಕನ್ನಡದಲ್ಲಿ ಕಾವ್ಯ ಎಷ್ಟು ಹಳೆಯದೋ ಪದಕ್ಕೆ ಅರ್ಥ ಹೇಳುವ ಕೆಲಸವೂ ಹೆಚ್ಚುಕಡಿಮೆ ಅಷ್ಟೇ ಹಳೆಯದು. ರನ್ನನದೆಂದು ಹೇಳುವ ‘ರನ್ನಕಂದ’ದ ಕೆಲವೇ ಪದ್ಯಗಳು ಸಿಕ್ಕಿವೆ. ಅದು ಕನ್ನಡ ಪದಗಳಿಗೆ ಕನ್ನಡದಲ್ಲೇ ಅರ್ಥ ಹೇಳುವ ನಿಘಂಟು. ನಾಗವರ್ಮನ ‘ಅಭಿಧಾನವಸ್ತುಕೋಶ’ ಸಂಸ್ಕೃತ ಪದಗಳಿಗೆ ಕನ್ನಡದಲ್ಲಿ ಅರ್ಥ ಕೊಟ್ಟಿತು. 13ನೇ ಶತಮಾನದಲ್ಲಿ ಕೇಶಿರಾಜ ‘ಶಬ್ದಮಣಿದರ್ಪಣ’ ಬರೆದಾಗ ವ್ಯಾಕರಣದ ಸೂತ್ರ ಹೇಳಿ ಸುಮ್ಮನಾಗಲಿಲ್ಲ. ಕೊನೆಗೆ ‘ಪ್ರಯೋಗಸಾರ’ ಅಂತ ಸೇರಿಸಿ ಹಳೆಯ ಪದಗಳಿಗೆ ಅರ್ಥ ಕೊಟ್ಟ. 1398ರಲ್ಲಿ ಮಂಗರಾಜನ ನಿಘಂಟು ಬಂತು. 16ನೇ ಶತಮಾನದಲ್ಲಿ ಲಿಂಗಮಂತ್ರಿ ‘ಕಬ್ಬಿಗರ ಕೈಪಿಡಿ’ ಬರೆದ. ಅಷ್ಟು ಹೊತ್ತಿಗೆ ಹಳಗನ್ನಡದ ಪದಗಳು ಓದುವವರಿಗೆ ಕಷ್ಟವಾಗಿದ್ದವು. ಅದಕ್ಕೇ ಹಳೆಯ ಪದ ಇಟ್ಟು ಪಕ್ಕದಲ್ಲಿ ಆಗಿನ ಕನ್ನಡದಲ್ಲಿ ಅರ್ಥ ಹೇಳಿದ. ಕೈಪಿಡಿ ಅನ್ನುವ ಹೆಸರೇ ಎಷ್ಟು ಚೆಂದ ನೋಡಿ. ಓದುವವನ ಕೈ ಹಿಡಿದುಕೊಳ್ಳುವಂಥದ್ದು. ಐನೂರು ವರ್ಷದ ಹಿಂದೆಯೇ ಬೇಕು ಅನ್ನಿಸಿದ್ದು ಇವತ್ತು ನಮಗೆ ಬೇಡವಾಗಲು ಸಾಧ್ಯವೇ?

ಇನ್ನೊಂದು ವಿಷಯ ಇದಕ್ಕಿಂತ ಸೂಕ್ಷ್ಮ, ಮತ್ತು ನನ್ನ ಮನಸ್ಸಿಗೆ ಜಾಸ್ತಿ ಹತ್ತಿರವಾದದ್ದು. ಅದು ಹಳಗನ್ನಡದಲ್ಲಿದ್ದು ಈಗ ಬಳಕೆ ತಪ್ಪಿದ ಱ ಮತ್ತು ೞ ಅಕ್ಷರಗಳದ್ದು. ಹೊಸ ಮುದ್ರಣಗಳಲ್ಲಿ ಕೆಲವು ಕಡೆ ಇವೆರಡನ್ನೂ ತೆಗೆದು ಬರೀ ರ, ಳ ಹಾಕಿದ್ದಾರೆ. ‘ಓದುಗರ ಅನುಕೂಲಕ್ಕಾಗಿ’ ಅಂತ ಒಂದು ಕಡೆ ಬರೆದೂ ಇದ್ದಾರೆ. ಆದರೆ ಓದುಗರಿಗೆ ಇದರಿಂದ ಅನನುಕೂಲವೇ ಆಗುತ್ತದೆ.

ಕರೆ ಅಂದರೆ ಕೂಗು. ಕಱೆ ಅಂದರೆ ಹಾಲು ಕರೆ. ಅರಿ ಅಂದರೆ ಕತ್ತರಿಸು. ಅಱಿ ಅಂದರೆ ತಿಳಿ. ಬಾಳ್ ಅಂದರೆ ಕತ್ತಿ. ಬಾೞ್ ಅಂದರೆ ಬದುಕು. ಇವು ಎರಡೆರಡು ಬೇರೆ ಪದಗಳು. ಕವಿ ಬೇರೆ ಬೇರೆಯಾಗಿಯೇ ಬರೆದಿದ್ದ. ಒಂದೇ ಅಕ್ಷರ ಮಾಡಿಬಿಟ್ಟರೆ ಕತ್ತಿಯೋ ಬದುಕೋ ಅಂತ ಓದುಗರು ಊಹಿಸಬೇಕು. ಇವತ್ತಿನ ಕನ್ನಡವೂ ಈ ಅಕ್ಷರದಿಂದಲೇ ಅರ್ಥವಾಗುತ್ತದೆ. ‘ಏಳು’ ಅನ್ನುವುದು ‘ಎದ್ದು’ ಹೇಗಾಯಿತು, ‘ಬೀಳು’ ಅನ್ನುವುದು ‘ಬಿದ್ದು’ ಹೇಗಾಯಿತು ಅಂತ ಚಿಕ್ಕಂದಿನಿಂದ ನನಗೆ ಒಂದು ಪ್ರಶ್ನೆ ಇತ್ತು. ಹಳಗನ್ನಡದಲ್ಲಿ ಎೞ್ದು, ಬಿೞ್ದು ಅಂತ ನೋಡಿದ ದಿನ ಉತ್ತರ ಸಿಕ್ಕಿತು. ಆ ೞಕಾರ ಮುಂದಿನ ದಕಾರದಲ್ಲಿ ಕರಗಿ ಒತ್ತು ಆಗಿದೆ. ಪೊೞ್ತು ‘ಹೊತ್ತು’ ಆಗಿದ್ದೂ ಹೀಗೇ. ಈ ಸಂತೋಷವನ್ನು ಮುಂದಿನ ಓದುಗರಿಂದ ಯಾಕೆ ಕಿತ್ತುಕೊಳ್ಳಬೇಕು?

ಇತಿಹಾಸ ಓದುವವರಿಗೆ ಇದು ಇನ್ನೂ ಮುಖ್ಯ. ಗಂಗರ ಕಾಲದ ಶಾಸನಗಳಲ್ಲಿ ‘ಬಾಳ್ಗೞ್ಚು’ ಅನ್ನುವ ಪದ ಬರುತ್ತದೆ. ‘ಬಾಳ್ಗಚ್ಚು’ ಅಂತಲೂ ಸಿಗುತ್ತದೆ. ಯುದ್ಧದಲ್ಲಿ ಪರಾಕ್ರಮ ತೋರಿದ ವೀರನಿಗೆ ಸಲ್ಲುವ ಭೂಮಿಯ ದತ್ತಿ ಅದು. ನಾನು ಮೊದಲ ಸಲ ಓದಿದಾಗ ಬಾಳು ಅಂದರೆ ಬದುಕು, ಹಾಗಾಗಿ ಇದು ಬದುಕಲು ಕೊಟ್ಟ ಜೀವನಾಂಶ ಇರಬೇಕು ಅಂದುಕೊಂಡೆ. ಪೂರ್ತಿ ತಪ್ಪು. ಬಾಳ್ ಅಂದರೆ ಇಲ್ಲಿ ಕತ್ತಿ. ಕೞ್ಚು ಅಂದರೆ ತೊಳೆ. ಕತ್ತಿ ತೊಳೆಯುವುದು. ರಕ್ತ ಅಂಟಿದ ಕತ್ತಿಯನ್ನು ತೊಳೆದು ವೀರನಿಗೆ ಮಾಡುವ ಗೌರವ. ಒಂದೇ ಪದದಲ್ಲಿ ಒಂದು ಳ, ಒಂದು ೞ. ಎರಡನ್ನೂ ಒಂದೇ ಮಾಡಿದರೆ ಸಾವಿರ ವರ್ಷದ ಹಿಂದಿನ ಒಂದು ಆಚರಣೆಯೇ ಕಣ್ಮರೆಯಾಗುತ್ತದೆ. ಗದ್ಯಾಣ (ಚಿನ್ನದ ನಾಣ್ಯ), ಮತ್ತರ್ (ಭೂಮಿಯ ಅಳತೆ), ತುಱುಗೋಳ್ (ದನ ಹಿಡಿದೊಯ್ಯುವುದು), ಪೆರ್ಗಡೆ (ಅಧಿಕಾರಿ), ಸೇನಬೋವ (ಲೆಕ್ಕ ಬರೆಯುವವ), ಇಂಥ ನೂರಾರು ಪದಗಳು ಶಾಸನಗಳಲ್ಲಿವೆ. ಪೆರ್ಗಡೆಯಿಂದ ಹೆಗ್ಗಡೆ ಬಂತು, ಸೇನಬೋವನಿಂದ ಶಾನುಭೋಗ ಬಂದ ಅಂತ ಗೊತ್ತಾದರೆ ಇತಿಹಾಸ ನಮ್ಮ ಪಕ್ಕದ ಮನೆಗೇ ಬಂದು ಕೂತ ಹಾಗೆ ಆಗುತ್ತದೆ. ಆದರೆ ಶಾಸನ ಸಂಪುಟ ಕೈಗೆ ಸಿಕ್ಕಿದರೂ ಸಾಮಾನ್ಯ ಓದುಗರಿಗೆ ಈ ಪದಗಳ ಅರ್ಥ ಅದರ ಪಕ್ಕದಲ್ಲಿ ಸಿಗುವುದು ಅಪರೂಪ.

ಕಂಪ್ಯೂಟರಿನಲ್ಲಿ ಈ ಅಕ್ಷರಗಳು ಬರುವುದಿಲ್ಲ ಅಂತ ಒಬ್ಬ ಮುದ್ರಕರು ನನಗೆ ಹೇಳಿದರು. ಅದು ನಿಜ ಅಲ್ಲ. ಎಲ್ಲ ಭಾಷೆಯ ಅಕ್ಷರಗಳಿಗೂ ಕಂಪ್ಯೂಟರಿನಲ್ಲಿ ಸಂಕೇತ ಕೊಡುವ ಯೂನಿಕೋಡ್ ಪಟ್ಟಿಯಲ್ಲಿ ಱ ಇದೆ, ೞ ಕೂಡ ಇದೆ. ಈ ೞ ಬಗ್ಗೆ ಒಂದು ಸಂಗತಿ ಹೇಳಲೇಬೇಕು. ಯೂನಿಕೋಡ್ ಪಟ್ಟಿ ಮಾಡಿದವರು ಇದಕ್ಕೆ ತಪ್ಪಾಗಿ ‘ಫಾ’ ಅನ್ನುವ ಅಕ್ಷರದ ಹೆಸರು ಕೊಟ್ಟರು. ಒಮ್ಮೆ ಕೊಟ್ಟ ಹೆಸರನ್ನು ಬದಲಿಸುವ ಹಾಗಿಲ್ಲ ಅನ್ನುವುದು ಅವರ ನಿಯಮ. ಹಾಗಾಗಿ ಹೆಸರು ಹಾಗೇ ಇದೆ. ಆದರೆ ಅವರು ಅದನ್ನು ಮುಚ್ಚಿಡಲಿಲ್ಲ. ಇದು ತಪ್ಪು, ಸರಿಯಾದ ಹೆಸರು ಇದು ಅಂತ ಪಟ್ಟಿಯಲ್ಲೇ ಪಕ್ಕದಲ್ಲಿ ಬರೆದರು. ಯಾರು ಬೇಕಾದರೂ ನೋಡಬಹುದು. ತಪ್ಪನ್ನು ಹೀಗೆ ಒಪ್ಪಿ ಬರೆದಿಡುವ ಪದ್ಧತಿ ನನಗೆ ತುಂಬಾ ಹಿಡಿಸಿತು. ನಮ್ಮ ಹಳೆಯ ಪುಸ್ತಕಗಳ ಒಪ್ಪೋಲೆಯೂ ಅದೇ ಅಲ್ವಾ?

ಇನ್ನು ನಿಘಂಟಿನ ವಿಷಯ. ಕಿಟೆಲ್ ಅವರ ಕನ್ನಡ-ಇಂಗ್ಲಿಷ್ ನಿಘಂಟು 1894ರಲ್ಲಿ ಮಂಗಳೂರಿನಲ್ಲಿ ಅಚ್ಚಾಯಿತು. ಸುಮಾರು 70,000 ಪದ. ಎಲ್ಲೋ ಜರ್ಮನಿಯಲ್ಲಿ ಹುಟ್ಟಿದ ಮನುಷ್ಯ ಕೇಶಿರಾಜನನ್ನು ಓದಿ, ಗಾದೆಗಳನ್ನು ಕೂಡಿಸಿ ಅಷ್ಟನ್ನು ಮಾಡಿದರು. ಕನ್ನಡ ಸಾಹಿತ್ಯ ಪರಿಷತ್ತಿನ ನಿಘಂಟು ಎಂಟು ಸಂಪುಟ. ಮೊದಲನೆಯದು 1970ರಲ್ಲಿ, ಕೊನೆಯದು 1995ರಲ್ಲಿ ಬಂತು. ಕೆಲಸ ಶುರುವಾಗಿದ್ದು 1940ರ ದಶಕದಲ್ಲಿ. ಒಂಬತ್ತು ಸಾವಿರಕ್ಕೂ ಹೆಚ್ಚು ಪುಟ. ಶಾಸನದಿಂದ ಹಿಡಿದು ಹೊಸಗನ್ನಡದವರೆಗೆ ಪದ ಎಲ್ಲೆಲ್ಲಿ ಹೇಗೆ ಬಂದಿದೆ ಅಂತ ಪ್ರಯೋಗ ಕೊಟ್ಟು ಅರ್ಥ ಹೇಳುವ ನಿಘಂಟು ಅದು. ಶುರು ಮಾಡಿದವರಲ್ಲಿ ಹಲವರು ಮುಗಿದದ್ದನ್ನು ನೋಡಲಿಲ್ಲ. ಗ್ರಂಥಾಲಯದಲ್ಲಿ ಆ ಎಂಟು ಸಂಪುಟಗಳ ಮುಂದೆ ನಿಂತಾಗಲೆಲ್ಲ ನನಗೆ ಕೈ ಮುಗಿಯಬೇಕು ಅನ್ನಿಸುತ್ತದೆ.

ಇಷ್ಟು ದೊಡ್ಡ ಆಸ್ತಿ ಇದ್ದೂ ನಮ್ಮ ನಿಘಂಟುಗಳಲ್ಲಿ ಹಲವು ಓದುಗರಿಗೆ ಪೂರ್ತಿ ತೆರೆದಿಲ್ಲ. ಪುಸ್ತಕದ ಪುಟಗಳ ಫೋಟೋ ತೆಗೆದು ಹಾಕಿದರೆ ಕೆಲಸ ಮುಗಿಯಿತು ಅಂದುಕೊಂಡಿದ್ದೇವೆ. ಫೋಟೋದಲ್ಲಿ ಪದ ಹುಡುಕಲು ಆಗುವುದಿಲ್ಲ. ಅದನ್ನು ಅಕ್ಷರವಾಗಿ ಓದಿಸುವ ತಂತ್ರಾಂಶ ಇದೆ, ನಾನೂ ಪ್ರಯತ್ನ ಮಾಡಿದೆ. ೞ ಬಂದ ಕಡೆಯೆಲ್ಲ ಬೇರೆ ಏನೋ ಅಕ್ಷರ ಬಂತು. ಒತ್ತಕ್ಷರ ಅರ್ಧಕ್ಕರ್ಧ ಕೆಟ್ಟವು. ಇನ್ನು ಕೆಲವು ಪುಸ್ತಕಗಳನ್ನು ಹಳೆಯ ಫಾಂಟುಗಳಲ್ಲಿ ಬೆರಳಚ್ಚು ಮಾಡಿಟ್ಟಿದ್ದಾರೆ. ಆ ಫಾಂಟ್ ಇಲ್ಲದ ಕಂಪ್ಯೂಟರಿನಲ್ಲಿ ತೆರೆದರೆ ಬರೀ ಇಂಗ್ಲಿಷ್ ಅಕ್ಷರ, ಚಿಹ್ನೆಗಳ ರಾಶಿ. ಒಮ್ಮೆ ಯಾರೋ ಕಷ್ಟಪಟ್ಟು ಬೆರಳಚ್ಚು ಮಾಡಿದ್ದು ಹೀಗೆ ಕಡತದಲ್ಲೇ ಸಾಯುತ್ತಿದೆ.

ಬೇರೆ ಭಾಷೆಯವರು ಇದನ್ನು ಮಾಡಿ ತೋರಿಸಿದ್ದಾರೆ. ಮದ್ರಾಸ್ ವಿಶ್ವವಿದ್ಯಾಲಯದ ತಮಿಳು ಲೆಕ್ಸಿಕನ್ 1924ರಿಂದ 1936ರೊಳಗೆ ಆರು ಸಂಪುಟವಾಗಿ ಬಂತು. ಇವತ್ತು ಫೋನಿನಲ್ಲೇ ಪದ ಹಾಕಿ ಅದರಲ್ಲಿ ಹುಡುಕಬಹುದು. 1899ರ ಮೋನಿಯರ್ ವಿಲಿಯಮ್ಸ್ ಸಂಸ್ಕೃತ ನಿಘಂಟನ್ನು ಜರ್ಮನಿಯ ಕಲೋನ್ ವಿಶ್ವವಿದ್ಯಾಲಯದವರು ಅಕ್ಷರ ಅಕ್ಷರ ತಿದ್ದಿ ಎಲ್ಲರಿಗೂ ಕೊಟ್ಟಿದ್ದಾರೆ. ನಮ್ಮಲ್ಲೂ ಆಗಿದೆ. ವಿ. ಕೃಷ್ಣ ಅವರು ದಶಕಗಳ ಕಾಲ ಒಬ್ಬರೇ ಕೂತು ಕೂಡಿಸಿದ ಕನ್ನಡ-ಇಂಗ್ಲಿಷ್ ನಿಘಂಟು ‘ಅಲರ್’ 2019ರಲ್ಲಿ ಎಲ್ಲರಿಗೂ ಮುಕ್ತವಾಗಿ ಸಿಕ್ಕಿತು. ಒಂದೂವರೆ ಲಕ್ಷಕ್ಕೂ ಜಾಸ್ತಿ ಪದ. ಅಲರ್ ಅಂದರೆ ಹೂವು. ಒಬ್ಬ ವ್ಯಕ್ತಿ ತನ್ನ ಜೀವಮಾನದ ಕೆಲಸವನ್ನು ಹೀಗೆ ಕೊಟ್ಟುಬಿಟ್ಟಿರುವಾಗ, ಸಾರ್ವಜನಿಕ ಹಣದಿಂದ ನಡೆಯುವ ಸಂಸ್ಥೆಗಳು ಯಾಕೆ ಕೊಡಬಾರದು ಅನ್ನುವುದು ನನ್ನ ಪ್ರಶ್ನೆ.

ಕಳೆದ ವರ್ಷ ನಾನು ಒಂದು ಸಂಸ್ಥೆಗೆ ಪತ್ರ ಬರೆದೆ. ಅವರ ಒಂದು ಪುಸ್ತಕದಲ್ಲಿ ನಮ್ಮ ಗುಂಪಿಗೆ ಕಂಡ ಹನ್ನೊಂದು ಅಚ್ಚಿನ ತಪ್ಪುಗಳ ಪಟ್ಟಿ ಮಾಡಿ, ಹಳೆಯ ಮುದ್ರಣದ ಪುಟಸಂಖ್ಯೆ ಸಮೇತ ಕಳಿಸಿದೆ. ಉತ್ತರ ಬರಲಿಲ್ಲ. ಎರಡನೇ ಸಲ ಬರೆದೆ. ಫೋನ್ ಮಾಡಿದಾಗ ‘ಮುಂದಿನ ಮುದ್ರಣದಲ್ಲಿ ನೋಡೋಣ’ ಅಂದರು. ಮುಂದಿನ ಮುದ್ರಣ ಬಂತು. ಹನ್ನೊಂದೂ ಹಾಗೇ ಇದ್ದವು. ಅಲ್ಲಿ ಕೆಲಸ ಮಾಡುವವರ ಮೇಲೆ ನನಗೆ ಸಿಟ್ಟಿಲ್ಲ. ಇರುವ ಒಬ್ಬಿಬ್ಬರ ಮೇಲೆಯೇ ಮಾರಾಟ, ಲೆಕ್ಕ, ಮುದ್ರಣ ಎಲ್ಲ ಬಿದ್ದಿರುತ್ತದೆ ಅಂತ ಗೊತ್ತು. ಆದರೆ ಓದುಗರು ಬರೆದ ಪತ್ರ ಯಾರ ಮೇಜಿಗೆ ಹೋಗಬೇಕು ಅನ್ನುವುದಾದರೂ ತೀರ್ಮಾನ ಆಗಿರಬೇಕಲ್ವಾ? ನಿಘಂಟುತಜ್ಞ ಜಿ. ವೆಂಕಟಸುಬ್ಬಯ್ಯನವರು 1991ರಲ್ಲಿ ಪತ್ರಿಕೆಯಲ್ಲಿ ‘ಇಗೋ ಕನ್ನಡ’ ಶುರು ಮಾಡಿ ಓದುಗರು ಕೇಳಿದ ಪದಗಳಿಗೆಲ್ಲ ಉತ್ತರ ಕೊಡುತ್ತಾ ಹೋದರು. ಹೆಸರು ಗೊತ್ತಿಲ್ಲದ ಎಲ್ಲೆಲ್ಲಿಯ ಜನರೋ ಕೇಳುತ್ತಿದ್ದರು. ನಾನೂ ಆ ಅಂಕಣ ಓದಿ ಬೆಳೆದವಳು. ಅವರು 2021ರಲ್ಲಿ ತೀರಿಕೊಂಡರು. ನೂರ ಏಳು ವರ್ಷ. ಆ ಪ್ರಶ್ನೋತ್ತರದ ಕುರ್ಚಿ ಖಾಲಿ ಉಳಿಯಬಾರದು.

ನಿಮ್ಮ ಕಷ್ಟಗಳೂ ನನಗೆ ತಿಳಿಯದೆ ಇಲ್ಲ. ಕಾಗದ ದುಬಾರಿ. ಹಳಗನ್ನಡ ಕೊಳ್ಳುವವರು ಕಡಿಮೆ. ನಲವತ್ತು ಪುಟ ಜಾಸ್ತಿಯಾದರೆ ಪುಸ್ತಕದ ಬೆಲೆಯೂ ಏರುತ್ತದೆ. ಆದರೆ ಕೊಳ್ಳುವವರು ಯಾಕೆ ಕಡಿಮೆ ಅಂತಲೂ ಒಮ್ಮೆ ಕೇಳಿಕೊಳ್ಳಿ. ಅರ್ಥವಾಗದ ಪುಸ್ತಕವನ್ನು ಒಮ್ಮೆ ಕೊಂಡವರು ಎರಡನೆಯದು ಕೊಳ್ಳುವುದಿಲ್ಲ. ನಮ್ಮ ಗುಂಪಿಗೆ ಬಂದು ಮೂರು ವಾರಕ್ಕೆ ಬಿಟ್ಟುಹೋದವರು ನಾಲ್ಕು ಜನ ಇದ್ದಾರೆ. ನಾಲ್ವರ ಕೈಯಲ್ಲೂ ಇದ್ದದ್ದು ಶಬ್ದಕೋಶ ಇಲ್ಲದ ಪ್ರತಿ. ಕಾವ್ಯ ಚೆನ್ನಾಗಿಲ್ಲ ಅಂತ ಒಬ್ಬರೂ ಹೇಳಲಿಲ್ಲ. ‘ನಮಗೆ ಇದು ಆಗಲ್ಲ’ ಅಂದರು.

ಹಾಗಾಗಿ ನನ್ನ ಕೋರಿಕೆ ಹೀಗಿದೆ. ಮೊದಲನೆಯದು, ಎಲ್ಲಕ್ಕಿಂತ ಮುಖ್ಯವಾದದ್ದು: ಇನ್ನು ಮುಂದೆ ಯಾವ ಹಳಗನ್ನಡ ಪುಸ್ತಕವನ್ನು ಮರುಮುದ್ರಣ ಮಾಡಿದರೂ ಮೂಲ ಮುದ್ರಣದಲ್ಲಿದ್ದ ಶಬ್ದಕೋಶ, ಪದ್ಯಗಳ ಅಕಾರಾದಿ, ಪಾಠಾಂತರ ಯಾವುದನ್ನೂ ತೆಗೆಯಬೇಡಿ. ಅಚ್ಚಿಗೆ ಹಣ ಸಾಲದಿದ್ದರೆ ಆ ಪುಟಗಳನ್ನು ಬೇರೆ ಕಡತವಾಗಿ ಉಚಿತವಾಗಿ ಕೊಡಿ. ಪುಸ್ತಕದ ಮೊದಲ ಪುಟದಲ್ಲಿ ಅದು ಎಲ್ಲಿ ಸಿಗುತ್ತದೆ ಅಂತ ಬರೆಯಿರಿ. ಇಷ್ಟಕ್ಕೆ ಹೆಚ್ಚು ಖರ್ಚಿಲ್ಲ.

ಱ, ೞ ಎರಡನ್ನೂ ಮೂಲದಲ್ಲಿದ್ದ ಹಾಗೇ ಉಳಿಸಿ. ಹೊಸ ಓದುಗರಿಗೆ ಗೊತ್ತಿರುವುದಿಲ್ಲ ಅನ್ನಿಸಿದರೆ ಮುನ್ನುಡಿಯಲ್ಲಿ ಅರ್ಧ ಪುಟ ವಿವರಿಸಿ. ಅರ್ಧ ಪುಟದಲ್ಲಿ ಕಲಿಯಬಹುದಾದದ್ದು ಅದು. ಸಾಧ್ಯವಾದ ಕಡೆ ಪದ್ಯದ ಕೆಳಗೆ ಪದ ಬಿಡಿಸಿ ಕೊಡಿ. ವಡ್ಡಾರಾಧನೆಯಂಥ ಗದ್ಯದಿಂದ ಶುರು ಮಾಡಿದರೆ ಕೆಲಸ ಸುಲಭ. ಹತ್ತೊಂಬತ್ತು ಕಥೆಗಳು, ಒಂದೊಂದಾಗಿ ಮಾಡಬಹುದು. ಹಳಗನ್ನಡಕ್ಕೆ ಹೊಸದಾಗಿ ಬರುವವರಿಗೆ ಅದಕ್ಕಿಂತ ಒಳ್ಳೆಯ ಬಾಗಿಲು ನನಗೆ ಗೊತ್ತಿಲ್ಲ.

ನಿಮ್ಮ ಹಕ್ಕಿನಲ್ಲಿರುವ ನಿಘಂಟುಗಳ ಪಠ್ಯವನ್ನು ಯೂನಿಕೋಡಿನಲ್ಲಿ, ಪ್ರಯೋಗಗಳ ಸಮೇತ, ಯಾರು ಬೇಕಾದರೂ ಹುಡುಕುವ ಹಾಗೆ ಬಿಡುಗಡೆ ಮಾಡಿ. ಪ್ರಯೋಗಗಳನ್ನು ಮಾತ್ರ ದಯವಿಟ್ಟು ಬಿಡಬೇಡಿ. ಪದ ಮತ್ತು ಅರ್ಥ ಅಷ್ಟೇ ಕೊಟ್ಟರೆ ನಿಘಂಟಿನ ಜೀವ ಹೋಗುತ್ತದೆ. ಹಳೆಯ ಫಾಂಟಿನಲ್ಲಿರುವ ಕಡತಗಳು ನಿಮ್ಮ ಕಚೇರಿಯ ಯಾವುದಾದರೂ ಕಂಪ್ಯೂಟರಿನಲ್ಲಿ ಇದ್ದರೆ ಅದು ಕೆಡುವ ಮೊದಲೇ ಹೊರಗೆ ತೆಗೆಯಿರಿ. ಮತ್ತೆ ಬೆರಳಚ್ಚು ಮಾಡುವುದಕ್ಕಿಂತ ಅದನ್ನು ಪರಿವರ್ತಿಸುವುದು ಎಷ್ಟೋ ಸುಲಭ. ಓದುಗರು ಕಳಿಸುವ ತಿದ್ದುಪಡಿಗಳನ್ನು ನೋಡಲು ಒಬ್ಬರನ್ನು ನೇಮಿಸಿ. ಒಪ್ಪಿದ ತಿದ್ದುಪಡಿಗಳನ್ನು ವರ್ಷಕ್ಕೊಮ್ಮೆಯಾದರೂ ಒಪ್ಪೋಲೆಯಾಗಿ ಪ್ರಕಟಿಸಿ.

ಸುಮ್ನೆ ಕೇಳಿ ಕೂರುವುದು ನನಗೂ ಇಷ್ಟ ಇಲ್ಲ. ನಮ್ಮ ಏಳು ಜನರಿಂದ ಆಗುವ ಕೆಲಸ ನಾವು ಶುರು ಮಾಡಿದ್ದೇವೆ. ಆ ಹಳೆಯ ಪುಸ್ತಕದ ನಲವತ್ತು ಪುಟ ಶಬ್ದಕೋಶವನ್ನು ಸರದಿಯಂತೆ ಬೆರಳಚ್ಚು ಮಾಡುತ್ತಿದ್ದೇವೆ. ಇಪ್ಪತ್ತಾರು ಪುಟ ಮುಗಿದಿದೆ. ಗಣಿತ ಮೇಷ್ಟ್ರು ಪ್ರತಿ ಸಾಲನ್ನೂ ಎರಡು ಸಲ ತಾಳೆ ನೋಡುತ್ತಾರೆ. ೞ ತಪ್ಪಿದರೆ ಅವರು ಬಿಡುವುದೇ ಇಲ್ಲ. ಇದನ್ನು ನಾವು ಎಲ್ಲಿಯೂ ಪ್ರಕಟಿಸಿಲ್ಲ. ಆ ಕೆಲಸದ ಹಕ್ಕು ಅದನ್ನು ಮಾಡಿದ ಸಂಪಾದಕರದ್ದು ಮತ್ತು ಪ್ರಕಾಶಕರದ್ದು ಅನ್ನುವುದು ನಮಗೆ ಗೊತ್ತು. ಪೂರ್ತಿ ಮುಗಿದ ಮೇಲೆ ಕಡತವನ್ನು ಆ ಪ್ರಕಾಶಕರಿಗೇ ಕಳಿಸುತ್ತೇವೆ. ಮುಂದಿನ ಮುದ್ರಣಕ್ಕೆ ಅವರು ಅದನ್ನು ಹಾಗೇ ಬಳಸಿಕೊಳ್ಳಬಹುದು. ನಮ್ಮ ಹೆಸರು ಹಾಕಬೇಕಾಗಿಲ್ಲ, ಹಣವೂ ಬೇಡ. ನಿಮ್ಮಲ್ಲಿ ಬೇರೆ ಯಾರಿಗಾದರೂ ಇಂಥ ಕೆಲಸಕ್ಕೆ ಜನ ಬೇಕಿದ್ದರೆ ಕೇಳಿ, ಭಾನುವಾರ ಸಂಜೆ ನಾವು ಬಿಡುವಾಗಿರುತ್ತೇವೆ.

ಹನ್ನೊಂದು ತಪ್ಪುಗಳ ಪಟ್ಟಿಯನ್ನು ಸಂಬಂಧಪಟ್ಟ ಸಂಸ್ಥೆಗೆ ಈ ವಾರ ಮೂರನೇ ಸಲ ಅಂಚೆಗೆ ಹಾಕಿದ್ದೇನೆ. ಪತ್ರ ತಲುಪಿತು ಅಂತ ಒಂದು ಸಾಲು ಬರೆದರೂ ನನಗೆ ಸಂತೋಷ.

ಇಂತಿ ನಿಮ್ಮ,
ಹಳಗನ್ನಡ ಓದುವ ಒಬ್ಬಳು